ಶಿವಮೊಗ್ಗದಲ್ಲಿದ್ದುಕೊಂಡೇ ಪ್ರಾಯೋಗಿಕ ಸಿನಿಮಾ ಮಾಡಬಹುದಾ? ಯಾವ ಕ್ಯಾಮೆರಾ ತಗೊಳ್ಳಲಿ?

ಕೆಲಸ ಬಿಟ್ಟು ಬೆಂಗಳೂರಿಗೆ ಹೋಗಲಾ, ಸಾಲ ಮಾಡಿ ಕ್ಯಾಮೆರಾ ತಗೊಳ್ಳಲಾ ಅಂತ ಕೇಳಿದ್ದೀರಿ. ಎಂಟು ವರ್ಷದ ಹಿಂದೆ ನಾನೂ ಇದನ್ನೇ ಕೇಳಿಕೊಂಡು ತಿರುಗಿದವನು. ಎರಡೂ ಮಾಡಲಿಲ್ಲ. ದುಡ್ಡಿರಲಿಲ್ಲ, ಅಷ್ಟೇ ಕಾರಣ.

ಸ್ಟ್ಯಾನ್ ಬ್ರ್ಯಾಕೇಜ್ ಅನ್ನೋ ಅಮೆರಿಕದವನು 1963ರಲ್ಲಿ ಕ್ಯಾಮೆರಾನೇ ಇಲ್ಲದೆ ಒಂದು ಸಿನಿಮಾ ಮಾಡಿದ್ದ. ಪತಂಗದ ರೆಕ್ಕೆ, ಹುಲ್ಲು, ಹೂವಿನ ಎಸಳು ಎಲ್ಲ ಎರಡು ಟೇಪಿನ ನಡುವೆ ಅಂಟಿಸಿ ಪ್ರಿಂಟ್ ಹಾಕಿಸಿದ್ದ. ಅದು ತಲೆಗೆ ಹೊಕ್ಕಿತು. ಶಿವಮೊಗ್ಗದ ಗುಜರಿಯಲ್ಲಿ 16 ಎಂಎಂ ಅಗಲದ ಫಿಲ್ಮ್ ರೀಲ್ ಒಂದು ಸಿಕ್ಕಿತು, ಯಾವುದೋ ಹಳೇ ಪ್ರಚಾರದ ಚಿತ್ರ. ಅದರಲ್ಲಿ ನೂರಡಿ ಕತ್ತರಿಸಿ, ತೀರ್ಥಹಳ್ಳಿ ಹತ್ತಿರದ ನಮ್ಮ ತೋಟದಲ್ಲಿ ಅಡಿಕೆ ಮರದ ಬುಡಕ್ಕೆ ಹೂತೆ. ಆರಿದ್ರಾ ಮಳೆ ಶುರುವಾಗಿತ್ತು.

ಫಿಲ್ಮಿನ ಚಿತ್ರ ಇರೋದು ಜೆಲಟಿನ್ ಅನ್ನೋ ಅಂಟಿನ ಪದರದಲ್ಲಿ. ಮಣ್ಣಿನ ಬ್ಯಾಕ್ಟೀರಿಯಾಗೆ ಅದು ಊಟ. ಪುನರ್ವಸು ಮುಗಿಯುವ ಹೊತ್ತಿಗೆ ತೆಗೆದು ಬಕೆಟಲ್ಲಿ ಅದ್ದಿದರೆ, ಭಾಷಣ ಮಾಡುತ್ತಿದ್ದ ಮನುಷ್ಯನ ಮುಖ ಹೋಗಿ ಹಳದಿ, ನೀಲಿ ನರಗಳು ಹರಡಿಕೊಂಡಿದ್ದವು. ಕುಣಿದಾಡಿಬಿಟ್ಟೆ.

ಕೆಟ್ಟಿದ್ದು ಇಲ್ಲೇ. ಮಳೆಗಾಲದಲ್ಲಿ ನಮ್ಮಲ್ಲಿ ಏನು ಒಣಗಬೇಕಾದರೂ ಬಚ್ಚಲ ಒಲೆ ಮೇಲೇ ತಾನೇ? ಕಂಬಳಿ, ಯೂನಿಫಾರಂ, ಎಲ್ಲ. ಫಿಲ್ಮನ್ನೂ ಅಲ್ಲೇ ಹಗ್ಗಕ್ಕೆ ಕ್ಲಿಪ್ ಹಾಕಿ ನೇತುಹಾಕಿದೆ. ಒಣಗಿದ ಜೆಲಟಿನ್ ಒಂದಿಷ್ಟು ಬಿಸಿ ತಡೆಯುತ್ತದೆ. ನೀರು ಕುಡಿದು ಉಬ್ಬಿದ್ದು ತಡೆಯಲ್ಲ, ಕರಗಿ ಇಳಿಯುತ್ತದೆ. ಬ್ಯಾಕ್ಟೀರಿಯಾ ಬೇರೆ ಮೊದಲೇ ತಿಂದು ಸಡಿಲ ಮಾಡಿತ್ತು. ಅರ್ಧ ಗಂಟೆಗೆ ಅಮ್ಮ ಕೂಗಿದಳು: "ಎಂತದೋ ಇದು, ಹಂಡೆ ಮೇಲೆ ಸಿಂಬಳ ಸುರೀತಾ ಇದೆ!" ಹೋಗಿ ನೋಡಿದರೆ ಹಗ್ಗದಲ್ಲಿ ಬರೀ ಗಾಜಿನಂಥ ಪ್ಲಾಸ್ಟಿಕ್ ಪಟ್ಟಿ.

ತಣ್ಣಗಿನ ಜಗುಲಿಯಲ್ಲಿ ಎರಡು ದಿನ ಸುಮ್ನೆ ಬಿಟ್ಟಿದ್ದರೆ ಆಗುತ್ತಿತ್ತು. ಅದೂ ಬೇಡ, ಒದ್ದೆ ಇರುವಾಗಲೇ ಮೊಬೈಲಲ್ಲಿ ಒಂದೊಂದೇ ಫ್ರೇಮ್ ಫೋಟೋ ಹೊಡೆದಿದ್ದರೆ? ಒಣಗಲಿ, ಆಮೇಲೆ ಅಂದುಕೊಂಡೆ. ಒಂದಡಿಗೆ 40 ಫ್ರೇಮ್, ನೂರಡಿಗೆ 4000 ಫೋಟೋ ಆಗುತ್ತಿತ್ತು. ಹಗ್ಗ ಸಾಲದೆ ಬಕೆಟಲ್ಲೇ ಬಿಟ್ಟಿದ್ದ 11 ಅಡಿ ಮಾತ್ರ ಉಳಿಯಿತು. ಪರದೆ ಮೇಲೆ 18 ಸೆಕೆಂಡ್. ಒಂದೊಂದು ಫ್ರೇಮನ್ನೂ ಅರ್ಧ ಸೆಕೆಂಡ್ ನಿಲ್ಲಿಸಿ, ಹಂಚಿನ ಮೇಲೆ ಬೀಳುವ ಮಳೆಯ ಸದ್ದು ಹಾಕಿ ಮೂರೂವರೆ ನಿಮಿಷಕ್ಕೆ ಎಳೆದೆ. ಜನ ಕೂತು ನೋಡಿದ ನನ್ನ ಮೊದಲ ಕೆಲಸ ಅದೇ.

ಹಾಗಾಗಿ ಯಾವ ಕ್ಯಾಮೆರಾ ಅನ್ನೋದಕ್ಕೆ ನಾನು ಉತ್ತರ ಕೊಡಲ್ಲ. ಪ್ರಶ್ನೆಯೇ ಸರಿ ಇಲ್ಲ. ಮೊದಲು ಕೈಗೆ ಸಿಕ್ಕಿದ್ದನ್ನು ಹಾಳು ಮಾಡಿ ನೋಡಿ, ಆದರೆ ಹಾಳಾಗೋ ಪ್ರತಿ ಹಂತದ ಫೋಟೋ ಇಟ್ಟುಕೊಳ್ಳಿ. ನೋಡೋಕೆ ಜನ ಸಿಗಲ್ಲ ಅಂತ ಬೆಂಗಳೂರಿಗೆ ಹೋಗೋದಾದರೆ ಒಮ್ಮೆ ಹೆಗ್ಗೋಡಿಗೆ ಹೋಗಿ ಬನ್ನಿ. 1949ರಲ್ಲಿ ಶುರುವಾದ ನೀನಾಸಂ ಅನ್ನೋ ನಾಟಕ ಸಂಸ್ಥೆ ಇರೋದು ಅಡಿಕೆ ತೋಟಗಳ ನಡುವೆ. ಆ ಹಳ್ಳಿಯ ಜನ ವಿದೇಶಿ ಸಿನಿಮಾಗಳನ್ನೇ ಕೂತು ನೋಡಿದವರು. ಕೆಲಸ ಬಿಡಬೇಡಿ. ಸಾಲವಂತೂ ಬೇಡವೇ ಬೇಡ.

ಈ ಮಳೆಗೆ ಇನ್ನೊಂದು ಸುರುಳಿ ಹೂತಿದ್ದೇನೆ. ತೆಗೆಯುವ ದಿನಕ್ಕೆ ಅಡುಗೆಮನೆ ಕ್ಯಾಲೆಂಡರಲ್ಲಿ ಗುರುತು ಹಾಕಿದ್ದೇನೆ. ಅಮ್ಮ ಅದನ್ನು ಗ್ಯಾಸ್ ಬುಕ್ ಮಾಡೋ ದಿನ ಅಂದುಕೊಂಡಿದ್ದಾಳೆ.