ಬಾರ್ಡರ್ ತೆಗೆದರೂ ಗೆರೆ ಏಕೆ ಬರುತ್ತದೆ?

ಪ್ರಶ್ನೆ: ನಮ್ಮ ಹೋಮ್‌ಸ್ಟೇ ವೆಬ್‌ಸೈಟಿನ ಬುಕಿಂಗ್ ಫಾರ್ಮಿನಲ್ಲಿ ಹೆಸರು ಬರೆಯುವ ಜಾಗಕ್ಕೆ ಬಾರ್ಡರ್ ಬೇಡ ಎಂದು ಸಿಎಸ್‌ಎಸ್‌ನಲ್ಲಿ (ಪುಟದ ಅಂದ-ಚಂದ ಹೇಳುವ ಕೋಡ್) ಹಾಕಿದ್ದೇನೆ. ಆದರೂ ಕ್ಲಿಕ್ ಮಾಡಿದ ಕೂಡಲೇ ಸುತ್ತ ಗೆರೆ ಬರುತ್ತದೆ. ಹೇಗೆ ತೆಗೆಯಲಿ?
– ಓದುಗರೊಬ್ಬರು, ಶಿರಸಿ

ಉತ್ತರ: ಅದು ಬಾರ್ಡರ್ ಅಲ್ಲ, ಔಟ್‌ಲೈನ್. ನೋಡಲು ಒಂದೇ ಥರ. ಆದರೆ ಬಾರ್ಡರ್ ಜಾಗ ತೆಗೆದುಕೊಳ್ಳುತ್ತದೆ, ಔಟ್‌ಲೈನ್ ತೆಗೆದುಕೊಳ್ಳುವುದಿಲ್ಲ. ಈಗ ಟೈಪ್ ಮಾಡಿದರೆ ಅಕ್ಷರ ಎಲ್ಲಿ ಬೀಳುತ್ತದೆ ಎಂದು ತೋರಿಸಲು ಬ್ರೌಸರ್ ತಾನೇ ಅದನ್ನು ಎಳೆಯುತ್ತದೆ. ಸಿಎಸ್‌ಎಸ್‌ನಲ್ಲಿ ಔಟ್‌ಲೈನ್‌ಗೆ 'ನನ್' (none) ಎಂದು ಕೊಟ್ಟರೆ ಹೋಗುತ್ತದೆ.

ಆದರೆ ದಯವಿಟ್ಟು ಸುಮ್ನೆ ತೆಗೆದುಬಿಡಬೇಡಿ. ನಾನೂ ಒಮ್ಮೆ ತೆಗೆದಿದ್ದೆ. ನಮ್ಮ ಮಾವನಿಗೆ ಕೈ ನಡುಕ, ಮೌಸ್ ಹಿಡಿಯಲಾಗದು. ಒಂದು ಜಾಗದಿಂದ ಮುಂದಿನದಕ್ಕೆ ಕೀಬೋರ್ಡಿನ ಟ್ಯಾಬ್ ಕೀ ಒತ್ತುತ್ತಾ ಹೋದವರು, ಎಲ್ಲಿದ್ದೇನೆಂದು ಗೊತ್ತಾಗದೆ ಫೋನ್ ನಂಬರಿನ ಜಾಗದಲ್ಲಿ ಊರಿನ ಹೆಸರು ಬರೆದರು. ಅವರ ಮುಖ ನೋಡಿ ನನಗೆ ತುಂಬಾ ಬೇಸರವಾಯಿತು.

ಅದರ ಬದಲು 'ಫೋಕಸ್' ಸ್ಥಿತಿಗೆ (ಆ ಜಾಗ ಟೈಪ್ ಮಾಡಲು ಆಯ್ಕೆಯಾಗಿರುವಾಗ) ನಿಮ್ಮದೇ ಔಟ್‌ಲೈನ್ ಕೊಡಿ: 2 ಪಿಕ್ಸೆಲ್ ದಪ್ಪ, ಸೈಟಿಗೆ ಒಪ್ಪುವ ಬಣ್ಣ. ಹಿನ್ನೆಲೆಗೂ ಆ ಬಣ್ಣಕ್ಕೂ ಕಾಂಟ್ರಾಸ್ಟ್ (ಹೊಳಪಿನ ವ್ಯತ್ಯಾಸದ ಅನುಪಾತ) ಕನಿಷ್ಠ 3:1 ಇರಲಿ. ಫೈರ್‌ಫಾಕ್ಸ್‌ನಲ್ಲಿ ಮಾತ್ರ ಕೆಂಪು ಹೊಳಪು ಕಂಡರೆ ಅದು ಔಟ್‌ಲೈನ್ ಅಲ್ಲ, ಬಾಕ್ಸ್ ಶ್ಯಾಡೋ (ಚೌಕದ ಸುತ್ತ ಬೀಳುವ ನೆರಳು). ತುಂಬಿದ್ದು ತಪ್ಪಾಗಿದೆ ಎನ್ನುವ ಸೂಚನೆ ಅದು.