ಮಂಗಳೂರಿನ ಐಟಿ ಸಪೋರ್ಟ್ ಕಂಪನಿಗಳಿಗೆ ಹುಡುಗಿಯರು ಸಾಕಷ್ಟು ಸೇರುತ್ತಾರೆ, ಆದರೆ ಟೀಮ್ ಲೀಡ್ ಆಗುವವರು ಯಾಕೆ ಕಡಿಮೆ?

ಮುಖ್ಯ ಕಾರಣ ಶಿಫ್ಟ್ ಪಟ್ಟಿ. ಬಡ್ತಿಗೆ ದಾರಿಯಾಗುವ ಕೆಲಸ ಹೆಚ್ಚಾಗಿ ರಾತ್ರಿ ಪಾಳಿಗೆ ಬರುತ್ತದೆ. ಮದುವೆ, ಬಾಣಂತನ ಆದ ಮೇಲೆ ಹಗಲು ಪಾಳಿ ಕೇಳಬೇಕಾಗುವುದು ಹೆಣ್ಣುಮಕ್ಕಳೇ.

ಇಂಥ ಕಂಪನಿಗಳು ಮಾಡುವ ಮ್ಯಾನೇಜ್ಡ್ ಸರ್ವಿಸ್ ಅಂದರೆ ಬೇರೆ ಕಂಪನಿಯ ಸರ್ವರ್, ನೆಟ್‌ವರ್ಕ್‌ಗಳನ್ನು ತಿಂಗಳ ಶುಲ್ಕಕ್ಕೆ ನೋಡಿಕೊಳ್ಳುವುದು. ನ್ಯೂಯಾರ್ಕ್‌ನಲ್ಲಿ ಬೆಳಿಗ್ಗೆ 9 ಆಗುವಾಗ ನಮ್ಮಲ್ಲಿ ಸಂಜೆ 6:30, ಅವರ ಚಳಿಗಾಲದಲ್ಲಿ 7:30. ಗ್ರಾಹಕರು ಅಮೆರಿಕದವರಾದರೆ ದೊಡ್ಡ ತಾಪತ್ರಯಗಳು ಏಳುವುದು ಆಮೇಲೆಯೇ. ರಾತ್ರಿ ಒಂದೂವರೆಗೆ ಸರ್ವರ್ ನಿಂತಾಗ ಕಾಲ್‌ನಲ್ಲಿ ಕೂತು ಸರಿಮಾಡಿದವನ ಹೆಸರು ಗ್ರಾಹಕರಿಗೆ ನೆನಪಿರುತ್ತದೆ. ಹಗಲಿನವಳಿಗೆ ಸಿಗುವುದು ಪಾಸ್‌ವರ್ಡ್ ರೀಸೆಟ್, ಬ್ಯಾಕಪ್ ವರದಿ. ಎರಡು ವರ್ಷ ಕಳೆದರೆ ಇಬ್ಬರ ಅನುಭವವೇ ಬೇರೆ. ಅಪ್ರೈಸಲ್‌ನಲ್ಲಿ, ಅಂದರೆ ಕೆಲಸದ ಮೌಲ್ಯಮಾಪನದಲ್ಲಿ, ಅದನ್ನೇ ಸಾಮರ್ಥ್ಯ ಅಂತ ಎಣಿಸುತ್ತಾರೆ. ಇದು ನನ್ನ ಪ್ರಕಾರ ತೀರಾ ಅನ್ಯಾಯ. (ಆಟಿ ತಿಂಗಳ ಮಳೆಯಲ್ಲಿ ಸುರತ್ಕಲ್ ದಾಟಿ ಒಳದಾರಿಗೆ ಕ್ಯಾಬ್ ಬಾರದೆ ಹೆದ್ದಾರಿಯಲ್ಲೇ ಇಳಿಸಿದರೆ, ರಾತ್ರಿ ಪಾಳಿ ಇರಲಿ ಅನ್ನುವ ಧೈರ್ಯ ಯಾರಿಗೆ ಬರುತ್ತದೆ?)

ಹೆರಿಗೆ ಸೌಲಭ್ಯ ಕಾಯ್ದೆಗೆ 2017ರಲ್ಲಿ ಆದ ತಿದ್ದುಪಡಿಯಿಂದ ಮೊದಲ ಎರಡು ಮಕ್ಕಳಿಗೆ 26 ವಾರ ಸಂಬಳಸಹಿತ ಹೆರಿಗೆ ರಜೆ ಇದೆ. 50 ಅಥವಾ ಹೆಚ್ಚು ನೌಕರರಿದ್ದಲ್ಲಿ ಶಿಶುಪಾಲನಾ ಕೇಂದ್ರವೂ ಕಡ್ಡಾಯ. ರಜೆ ಮುಗಿಸಿ ಬಂದವಳಿಗೆ ಯಾವ ಕೆಲಸ ಎಂಬುದು ಮಾತ್ರ ಮ್ಯಾನೇಜರ್ ಕೈಯಲ್ಲಿ. ಪದೇಪದೇ ಬರುವ ತೊಂದರೆಯ ಮೂಲ ಹುಡುಕುವುದು, ಸರ್ವರ್ ಬದಲಾವಣೆಯ ಯೋಜನೆ ಮಾಡುವುದು, ಇವೆಲ್ಲ ಹಗಲಲ್ಲೇ ಆಗುವ ಕಷ್ಟದ ಕೆಲಸಗಳು. ಅವನ್ನು ಅವಳಿಗೆ ಕೊಟ್ಟು, ಬಡ್ತಿಯಲ್ಲಿ ಅವಕ್ಕೂ ರಾತ್ರಿಯ ಕಾಲ್‌ಗಳಿಗೆ ಕೊಡುವಷ್ಟೇ ತೂಕ ಕೊಡಿ ಎಂದು ಕಂಪನಿಯನ್ನು ಧಾರಾಳವಾಗಿ ಕೇಳಬಹುದು.