ಹರಿಗೋಲು ಚೆಂದ, ದಂಡೆಯ ಮೇಲೆ ಕೂತವರಿಗೆ

ಓದುಗರ ಪತ್ರ:
“ಕಳೆದ ಸಂಚಿಕೆಯಲ್ಲಿ ಜಗತ್ತಿನ ಹೆಸರಾಂತ ಸೇತುವೆಗಳ ಬಗ್ಗೆ ಅಷ್ಟುದ್ದ ಲೇಖನ ಹಾಕಿದ್ದೀರಿ. ಸಿಮೆಂಟು, ಕಬ್ಬಿಣ ಹೊಗಳಲು ನಾಲ್ಕು ಪುಟ ಬೇಕಿತ್ತೇ? ತುಂಗಭದ್ರೆ ದಾಟಿಸುವ ನಮ್ಮ ಆನೆಗೊಂದಿಯ ಹರಿಗೋಲಿನ ಬಗ್ಗೆ ಒಂದು ಸಾಲೂ ಇಲ್ಲ. ಕಡೆಬಾಗಿಲು ಸೇತುವೆ ಆದಮೇಲೆ ಊರಿನ ಸೊಗಸೇ ಹೋಯಿತು. ಹರಿಗೋಲಿನಲ್ಲಿ ಜನ ಮಾತಾಡುತ್ತಿದ್ದರು, ಸೇತುವೆ ಮೇಲೆ ಯಾರೂ ಯಾರ ಮುಖವನ್ನೂ ನೋಡುವುದಿಲ್ಲ. ನಾನು ತೆಗೆದ ಹರಿಗೋಲಿನ ಫೋಟೋ ಕಳಿಸಿದ್ದೇನೆ. ಮುಖಪುಟಕ್ಕೆ ಬಳಸಿ.”
— ಗಂಗಾವತಿಯ ಓದುಗರು, ಈಗ ಬೆಂಗಳೂರು

ಸಂಪಾದಕರ ಉತ್ತರ:

ಫೋಟೋ ಚೆಂದ ಇದೆ ತಂಗೀ. (ಪತ್ರದ ಕೊನೆಗೆ ವಯಸ್ಸು ಬರೆದಿದ್ದೀರಿ, ಅದಕ್ಕೇ ತಂಗಿ ಅಂದೆ. ಬೇಸರ ಮಾಡ್ಕೋಬೇಡಿ.) ಸಂಜೆ ಬಿಸಿಲು, ಹಿಂದೆ ಬಂಡೆಗಳ ಸಾಲು, ನಡುವೆ ಹರಿಗೋಲು. ಅಂಬಿಗನ ಮುಖ ಮಾತ್ರ ಕಾಣುವುದಿಲ್ಲ, ಕಪ್ಪಾಗಿದೆ. ನನ್ನ ತಕರಾರು ಅಲ್ಲಿಂದಲೇ ಶುರು.

ಹರಿಗೋಲನ್ನು ನಾನು ಹಗುರ ಮಾಡುವುದಿಲ್ಲ. 1520ರ ಸುಮಾರಿಗೆ ವಿಜಯನಗರಕ್ಕೆ ಬಂದ ಪೋರ್ಚುಗೀಸ್ ಪ್ರವಾಸಿ ಡೊಮಿಂಗೊ ಪೇಸ್ ಇದೇ ಆನೆಗೊಂದಿಯ ಹರಿಗೋಲು ಕಂಡು ಬರೆದಿದ್ದಾನೆ. ಬುಟ್ಟಿಯಂತೆ ದುಂಡಗೆ, ಒಳಗೆ ಬೆತ್ತ, ಹೊರಗೆ ತೊಗಲು, ಹದಿನೈದಿಪ್ಪತ್ತು ಜನ ಹಿಡಿಯುತ್ತಾರೆ, ನೆಟ್ಟಗೆ ಹೋಗಲು ಬಾರದೆ ತಿರುಗುತ್ತಲೇ ಇರುತ್ತದೆ ಅಂತ. ಐನೂರು ವರ್ಷ ಬಾಳಿದ ಹರಿಗೋಲಿಗೆ ದೊಡ್ಡ ನಮಸ್ಕಾರ. ಆದರೆ ಆ ಪುಣ್ಯಾತ್ಮ ಇನ್ನೊಂದು ಮಾತೂ ಬರೆದಿದ್ದಾನೆ. ಕುದುರೆ, ಎತ್ತುಗಳು ಹೆಚ್ಚಾಗಿ ಈಜಿಯೇ ದಾಟುತ್ತವೆ ಅಂತ. ಎತ್ತನ್ನು ಹೊಳೆಗೆ ಇಳಿಸಿ ಆಚೆ ದಂಡೆಯಲ್ಲಿ ಉಸಿರು ಬಿಗಿಹಿಡಿದು ಕಾದ ಒಕ್ಕಲಿಗನಿಗೆ ಸೊಗಸು ಕಂಡಿತ್ತೋ ಇಲ್ಲವೋ, ನೀವೇ ಹೇಳಿ.

1978ರ ಮಳೆಗಾಲ. ನನ್ನ ಅಕ್ಕ ಆನೆಗೊಂದಿಯ ಅತ್ತೆ ಮನೆಯಲ್ಲಿದ್ದಳು, ದಿನ ತುಂಬಿತ್ತು. ನಂಬಿದ ಡಾಕ್ಟರು ಹೊಸಪೇಟೆಯಲ್ಲಿ, ಅಂದರೆ ಹೊಳೆಯ ಆಚೆ. ರಾತ್ರಿ ನೋವು ಶುರುವಾದಾಗ ಡ್ಯಾಂನಿಂದ ನೀರು ಬಿಟ್ಟಿದ್ದರು. ಭಾವ ಅಂಬಿಗನ ಮನೆ ಬಾಗಿಲು ಬಡಿದ. ಅವನು ಬಂದು ನೀರು ನೋಡಿದ, ತಲೆ ಅಲ್ಲಾಡಿಸಿದ. ಅವನದೇನೂ ತಪ್ಪಿಲ್ಲ. ಎತ್ತಿನ ಗಾಡಿ ಕಟ್ಟಿ ಗಂಗಾವತಿ ಮುಟ್ಟುವಷ್ಟರಲ್ಲಿ ಬೆಳಕಾಗಿತ್ತು. ಅಕ್ಕ ಉಳಿದಳು. ಮಗು ಉಳಿಯಲಿಲ್ಲ. ಅವತ್ತಿನಿಂದ ನಾನು ಸೇತುವೆ ಪಾರ್ಟಿ.

ಇನ್ನು ಹರಿಗೋಲು ನಮ್ಮದು, ಸೇತುವೆ ಹೊರಗಿನದು ಅನ್ನುವ ಧಾಟಿ ನಿಮ್ಮ ಪತ್ರದಲ್ಲಿದೆ. ಮುಂದಿನ ಸಲ ಬಂದಾಗ ಪುರಂದರ ಮಂಟಪದ ಹತ್ತಿರ ಹೊಳೆಗೆ ಇಳಿದು ನೋಡಿ. ನೀರಲ್ಲಿ ಕಲ್ಲುಕಂಬಗಳು ಸಾಲಾಗಿ ನಿಂತಿವೆ. ಅದು ವಿಜಯನಗರದವರ ಸೇತುವೆ. ಮೇಲಿನ ಹಾಸು ಹೋಗಿದೆ, ಕಾಲು ಉಳಿದಿವೆ. ನಮ್ಮ ಹಿರಿಯರಿಗೂ ಹರಿಗೋಲು ಸಾಕುಸಾಕಾಗಿ ಹೋಗಿತ್ತು ಅಲ್ವಾ!

ಅಷ್ಟೇ ಯಾಕೆ, ಸೇತುವೆ ಅಂದ ಕೂಡಲೇ ಈ ದೇಶದ ಅಜ್ಜಿಯರಿಗೆ ನೆನಪಾಗುವುದು ನಳ ಮತ್ತು ಅವನ ಕಪಿಸೇನೆ ಸಮುದ್ರಕ್ಕೆ ಕಟ್ಟಿದ್ದು. ಆ ಕಪಿಗಳು ಯಾವ ಊರಿನವರು? ಕಿಷ್ಕಿಂಧೆಯವರು. ಕಿಷ್ಕಿಂಧೆ ಅಂದರೆ ಆನೆಗೊಂದಿ ಸೀಮೆಯೇ ಅಂತ ನಂಬಿ ಅಂಜನಾದ್ರಿ ಹತ್ತುತ್ತೇವೆ. ಲಂಕೆಗೆ ಸೇತುವೆ ಕಟ್ಟಿಕೊಟ್ಟ ಊರಿನವರು ತಮ್ಮ ಹೊಳೆಯನ್ನು ಮಾತ್ರ ಬುಟ್ಟಿಯಲ್ಲಿ ಕೂತು ದಾಟುತ್ತಿದ್ದರು. ಕೊನೆಗೆ ಆನೆಗೊಂದಿಯ ಎದುರು, ಹಂಪಿ ಕಡೆಯ ದಂಡೆಯ ತಳವಾರಘಟ್ಟದಲ್ಲಿ ಸೇತುವೆ ಶುರುವಾಯಿತು. ಹಂಪಿಯ ಸ್ಮಾರಕಗಳಿಗೆ ಧಕ್ಕೆ ಅಂತ 1999ರಲ್ಲಿ ಯುನೆಸ್ಕೋ ಹಂಪಿಯನ್ನು ಅಪಾಯದಲ್ಲಿರುವ ಪರಂಪರೆ ತಾಣಗಳ ಪಟ್ಟಿಗೆ ಸೇರಿಸಿತು. ಕೆಲಸ ನಿಂತಿತು. 2006ರಲ್ಲಿ ಹಂಪಿ ಆ ಪಟ್ಟಿಯಿಂದ ಹೊರಬಂತು. ಮತ್ತೆ ಕೆಲಸ ಶುರುವಾಗಿ, 2009ರ ಜನವರಿಯಲ್ಲಿ ಸೇತುವೆ ಕುಸಿದುಬಿತ್ತು. ಕೂಲಿಯವರ ಜೀವ ಹೋಯಿತು. ಸ್ಮಾರಕ ಉಳಿಯಬೇಕು ಅಂದವರ ಮಾತು ಸುಳ್ಳಲ್ಲ, ಒಪ್ಪುತ್ತೇನೆ. ಆದರೆ ಆ ಜಗ್ಗಾಟದಲ್ಲಿ ಹೋದ ವರ್ಷಗಳನ್ನು ಆನೆಗೊಂದಿಯವರು ದಂಡೆಯ ಮೇಲೆ ಕಾದೇ ಕಳೆದರು. ಕಡೆಬಾಗಿಲು-ಬುಕ್ಕಸಾಗರ ಸೇತುವೆ ಆದ ದಿನ ನಾನು ಮೋಟರ್‌ಸೈಕಲ್ ಮೇಲೆ ಸುಮ್ನೆ ಆ ಕಡೆ ಹೋಗಿ ಈ ಕಡೆ ಬಂದೆ. ಮೂರು ಸಲ.

ಸೇತುವೆ ಮೇಲೆ ಯಾರೂ ಮಾತಾಡುವುದಿಲ್ಲ ಅಂದಿರಿ. ಬೋಸ್ನಿಯಾದ ಮೊಸ್ತಾರ್ ಎಂಬ ಊರಲ್ಲಿ 1566ರಲ್ಲಿ ತುರ್ಕರು ಕಟ್ಟಿಸಿದ ಒಂದೇ ಕಮಾನಿನ ಕಲ್ಲುಸೇತುವೆ ಇತ್ತು. ಊರಿನ ಹೆಸರೇ ಸೇತುವೆ ಕಾಯುವವರಿಂದ ಬಂದಿದ್ದು. 1993ರ ಯುದ್ಧದಲ್ಲಿ ಅದನ್ನು ಗುಂಡು ಹೊಡೆದೇ ಕೆಡವಿದರು. ಎರಡು ದಂಡೆಯ ಜನ ಒಂದಾಗಿರಬಾರದು ಅನ್ನುವವರಿಗೆ ಸೇತುವೆ ಏನೆಂದು ಚೆನ್ನಾಗಿ ಗೊತ್ತಿರುತ್ತದೆ. 2004ರಲ್ಲಿ ಅದೇ ನಮೂನೆಯಲ್ಲಿ ಮತ್ತೆ ಕಟ್ಟಿದರು. ಇವತ್ತಿಗೂ ಅಲ್ಲಿನ ಹುಡುಗರು ಅದರ ಮೇಲಿಂದ ನದಿಗೆ ಹಾರುತ್ತಾರೆ. ಅಷ್ಟು ದೂರ ಬೇಡ, ರಾಯಚೂರಿನಿಂದ ಹೈದರಾಬಾದ್ ಬಸ್ ಹತ್ತಿ. ದೇವಸೂಗೂರು ಸೇತುವೆ ಬಂದ ಕೂಡಲೇ ಜನ ಕಿಟಕಿಗೆ ಸರಿಯುತ್ತಾರೆ, ಕೃಷ್ಣೆಗೆ ನಾಣ್ಯ ಎಸೆದು ಕೈಮುಗಿಯುತ್ತಾರೆ. ಪಕ್ಕದವರ ಹತ್ತಿರ ಚಿಲ್ಲರೆ ಕೇಳುತ್ತಾರೆ. ಇದು ಮಾತಲ್ಲವೇ?

ಆ ದೇವಸೂಗೂರು ಸೇತುವೆಯ ಹೆಸರು ನಿಮಗೆ ಗೊತ್ತಾ? ಸಿರಾತ್-ಎ-ಜೂದಿ. ನಿಜಾಮ ಮೀರ್ ಉಸ್ಮಾನ್ ಅಲಿ ಖಾನನ ಕಾಲದ್ದು, 1943ರಲ್ಲಿ ಮುಗಿದದ್ದು. ಸಿರಾತ್ ಅಂದರೆ ದಾರಿ. ಕಡೆಯ ದಿನ ಎಲ್ಲರೂ ದಾಟಲೇಬೇಕಾದ ಸೇತುವೆಗೂ ಮುಸ್ಲಿಮರು ಇದೇ ಹೆಸರು ಹೇಳುತ್ತಾರೆ. ಹೌರಾ ಸೇತುವೆ ತೆರೆದದ್ದೂ 1943ರಲ್ಲೇ. ಹೌರಾ ಇಲ್ಲದೆ ಕಲ್ಕತ್ತೆಯ ಒಂದು ಚಿತ್ರ ಇಲ್ಲ. ಪಾನ್ ಉಗುಳಿ ಉಗುಳಿ ಅದರ ಕಬ್ಬಿಣ ಸವೆದದ್ದೂ ದೇಶಕ್ಕೆಲ್ಲ ಸುದ್ದಿ. ನಮ್ಮದು? ಮೂರು ವರ್ಷದ ಹಿಂದೆ ಒಂದು ಶಾಲೆಗೆ ಭಾಷಣಕ್ಕೆ ಹೋಗಿದ್ದೆ. ಮಕ್ಕಳು ಲಂಡನ್ ಬ್ರಿಡ್ಜ್ ಬೀಳುವ ಪದ್ಯ ಕೈ ಕುಣಿಸುತ್ತಾ ಹೇಳಿದರು. ಆ ಹೆಸರಿನ ಆಮೇಲಿನ ಸೇತುವೆ ಬೀಳಲಿಲ್ಲ ಮಕ್ಕಳೇ, 1968ರಲ್ಲಿ ಅಮೆರಿಕದವನೊಬ್ಬನಿಗೆ ಮಾರಿದರು, ಅವನು ಕಲ್ಲು ಕಲ್ಲು ಬಿಚ್ಚಿ ಒಯ್ದು ಅರಿಜೋನಾದಲ್ಲಿ ಕಟ್ಟಿಸಿದ ಅಂದೆ. ನಕ್ಕರು. ಕೃಷ್ಣೆಯ ಸೇತುವೆ ಯಾರು ಕಟ್ಟಿಸಿದ್ದು ಅಂದೆ. ಮೇಷ್ಟ್ರೂ ಮಕ್ಕಳ ಜೊತೆ ನನ್ನ ಮುಖ ನೋಡಿದರು.

ನಿಮಗೆ ಸಿಟ್ಟು ಬರಬೇಕಾದದ್ದು ಇಲ್ಲಿ ತಂಗೀ, ಸಿಮೆಂಟಿನ ಮೇಲಲ್ಲ. ಸೇತುವೆ ಕೇಳುವವರೆಗೆ ನಮ್ಮಷ್ಟು ಜೋರು ದನಿ ಯಾರಿಗೂ ಇಲ್ಲ. ಕಟ್ಟಿದ ಮೇಲೆ ಅದು ಯಾರದೂ ಅಲ್ಲ. ಕಂಪ್ಲಿ ಸೇತುವೆಯನ್ನೇ ನೋಡಿ. ಆಚೆ ಬಳ್ಳಾರಿ ಜಿಲ್ಲೆ, ಈಚೆ ಕೊಪ್ಪಳ. ಡ್ಯಾಂನಿಂದ ಒಂದೂವರೆ ಲಕ್ಷ ಕ್ಯೂಸೆಕ್ ದಾಟಿ ನೀರು ಬಿಟ್ಟರೆ ಸಾಕು, ಸೇತುವೆ ನೀರೊಳಗೆ. ನಮ್ಮ ನೆಂಟರ ಹುಡುಗನ ಮದುವೆ. ಹೆಣ್ಣಿನ ಕಡೆಯವರು ಕಂಪ್ಲಿ, ನಾವು ಗಂಗಾವತಿ. ಹಿಂದಿನ ರಾತ್ರಿ ಗೇಟ್ ತೆಗೆದರು. ಕಡೆಬಾಗಿಲು ಸೇತುವೆ ಇನ್ನೂ ಇರಲಿಲ್ಲ. ಕಣ್ಣೆದುರಿನ ಊರಿಗೆ ದಿಬ್ಬಣ ಮುನಿರಾಬಾದ್, ಹೊಸಪೇಟೆ ಬಳಸಿ ಹೋಯಿತು. ಮುಹೂರ್ತ ಮೀರಿತ್ತು. ಪುರೋಹಿತರು ಇನ್ನೊಂದು ಹುಡುಕಿಕೊಟ್ಟರು ಅನ್ನಿ. ನೀರು ಇಳಿದ ಮೇಲೆ ಹೋದರೆ ಮುರಿದ ಕಂಬಿ, ಸಿಕ್ಕಿಕೊಂಡ ಜಾಲಿ, ಸೀರೆ, ಪ್ಲಾಸ್ಟಿಕ್. ತಿಂಗಳಾದರೂ ಹಾಗೇ.

ಪೆರು ದೇಶದಲ್ಲಿ ಅಪುರಿಮಾಕ್ ನದಿಯ ಮೇಲೆ ಹುಲ್ಲಿನ ಹಗ್ಗದ ಸೇತುವೆ ಇದೆ, ಕೆಸ್ವಾಚಾಕಾ ಅಂತ. ಇಂಕಾಗಳ ಕಾಲದಿಂದ ಬಂದ ಪದ್ಧತಿ. ಪ್ರತಿ ವರ್ಷ ಜೂನ್‌ನಲ್ಲಿ ನಾಲ್ಕು ಊರಿನವರು ಸೇರಿ ಹೊಸ ಹಗ್ಗ ಹೊಸೆದು ಹಳೆಯದನ್ನು ನದಿಗೆ ಬಿಡುತ್ತಾರೆ. ಅಲ್ಲೂ ಕಾರು ಓಡುವ ಸೇತುವೆ ಪಕ್ಕದಲ್ಲೇ ಇದೆ. ಆದರೂ ಕಟ್ಟುತ್ತಾರೆ. ಅದನ್ನೂ ಯುನೆಸ್ಕೋ ಪಟ್ಟಿಗೆ ಸೇರಿಸಿದೆ, 2013ರಲ್ಲಿ, ಅಪಾಯ ಅಂತಲ್ಲ, ಪರಂಪರೆ ಅಂತ. ಕಂಪ್ಲಿ, ಚಿಕ್ಕಜಂತಕಲ್‌ನವರು ವರ್ಷಕ್ಕೊಂದು ದಿನ ಗುದ್ದಲಿ, ಪುಟ್ಟಿ ಹಿಡಿದು ಸೇತುವೆಗೆ ಬಂದರೆ ಯಾವ ಕಾಯ್ದೆ ಅಡ್ಡ ಬರುತ್ತದೆ? ಹೋದ ವರ್ಷ ಇದನ್ನೇ ಒಂದು ಸಭೆಯಲ್ಲಿ ಹೇಳಿದೆ. “ಅದಕ್ಕೆ ಟೆಂಡರ್ ಆಗಬೇಕ್ರೀ” ಅಂದರು.

ಹರಿಗೋಲಿನಲ್ಲಿ ತಿರುಗಬೇಕೆಂದು ಆಸೆಯಾದರೆ ಈಗಲೂ ಸಿಗುತ್ತದೆ, ತಳವಾರಘಟ್ಟಕ್ಕೆ ಬನ್ನಿ. ಕೃಷ್ಣೆಯ ನಡುಗಡ್ಡೆಯ ಕುರ್ವಕಲಾ, ಕುರ್ವಕುರ್ದಾ ಊರಿನವರನ್ನೂ ಒಮ್ಮೆ ಕೇಳಿ. ಅವರು ಹರಿಗೋಲು, ತೆಪ್ಪ ಹತ್ತಿದ್ದು ಆಸೆಗಲ್ಲ.

ನಿಮ್ಮ ಫೋಟೋ ಮುಂದಿನ ಸಂಚಿಕೆಯಲ್ಲಿ ಬರುತ್ತದೆ, ಒಳಪುಟದಲ್ಲಿ, ದೊಡ್ಡದಾಗಿಯೇ. ಅಂಬಿಗನ ಹೆಸರು ಕೇಳಿ ತಿಳಿಸಿ, ಕೆಳಗೆ ಹಾಕುತ್ತೇವೆ. ಮುಖಪುಟಕ್ಕೆ ಕಂಪ್ಲಿ ಸೇತುವೆಯ ಕಂಬಿಗೆ ಸಿಕ್ಕಿಕೊಂಡ ಆ ಜಾಲಿ ಕಂಟಿಯ ಚಿತ್ರ ಆಗಲೇ ಪ್ರೆಸ್‌ಗೆ ಹೋಗಿದೆ.